ಅಲ್ಪವ್ಯಯದ ಒಂದು ವೀರಚಿತ್ರ

ದ್ರವ್ಯಬಲವಿಲ್ಲದೆ ಹುಟ್ಟಿದ ಕೃತಿಗಳು ಬೇಗನೆ ಮರೆತುಹೋಗುವುದು ಲೋಕರೂಢಿ. ಹೀಗಿದ್ದರೂ ಕಳೆದ ಶತಮಾನದ ಕೊನೆಯ ದಶಕದಲ್ಲಿ ಅಲ್ಪ ಬಂಡವಾಳದಿಂದ ಸಿದ್ಧವಾದ ಕೆಲವು ಹೊಡೆದಾಟದ ಚಲಚ್ಚಿತ್ರಗಳನ್ನು ರಸಿಕರಲ್ಲಿ ಒಂದು ವರ್ಗವು ಇಂದಿಗೂ ಆರಾಧನಾಭಾವದಿಂದ ನೋಡುತ್ತಿರುವುದು. ಇದಕ್ಕೆ ಕಾರಣವೇನೆಂಬುದನ್ನು ‘ಎಲ್ ಮರಿಯಾಚಿ’ ಎಂಬ ಸ್ಪ್ಯಾನಿಷ್ ಚಿತ್ರದ ಚರಿತ್ರೆಯಿಂದ ವಿಚಾರಿಸಬಹುದು.

ಟೆಕ್ಸಾಸ್ ಪ್ರಾಂತದ ರಾಬರ್ಟ್ ರಾಡ್ರಿಗಸನು 1991ರಲ್ಲಿ, ತನ್ನ 23ನೆಯ ವಯಸ್ಸಿನಲ್ಲಿ, ಮೆಕ್ಸಿಕೋದ ಗಡಿಪಟ್ಟಣವಾದ ಸಿಯುದಾದ್ ಅಕುನ್ಯಾದಲ್ಲಿ ಇದನ್ನು ಚಿತ್ರಿಸಿದನು. ವೆಚ್ಚವು ಸುಮಾರು 7,000 ಡಾಲರು. ಅದರಲ್ಲಿ ಒಂದು ಭಾಗವನ್ನು ಔಷಧಪರೀಕ್ಷೆಗೆ ಸ್ವಂತ ದೇಹವನ್ನೇ ಒಡ್ಡಿ ಸಂಪಾದಿಸಿದ್ದನು. ಕಥೆಯು ಸರಳವಾದುದು: ಗಿಟಾರಿನ ಪೆಟ್ಟಿಗೆ ಹಿಡಿದು ಜೀವನೋಪಾಯವನ್ನರಸಿ ಬಂದ ಗಾಯಕನನ್ನು, ಅಂಥದೇ ಪೆಟ್ಟಿಗೆಯಲ್ಲಿ ಆಯುಧಗಳನ್ನು ಹೊತ್ತ ಕೊಲೆಗಡುಕನೆಂದು ಭ್ರಮಿಸಿ ಪಾತಕಿಗಳು ಬೆನ್ನಟ್ಟುವರು.

ಇಲ್ಲಿ ಉಪಕರಣಗಳ ಕೊರತೆಯೇ ಶೈಲಿಗೆ ಜನನಿಯಾಯಿತು. ಕ್ಯಾಮರವು ಎರವಲಿನದು; ಅದು ಸದ್ದುಮಾಡುತ್ತಿದ್ದುದರಿಂದ ಮಾತುಗಳನ್ನು ಬೇರೆಯಾಗಿ ಮುದ್ರಿಸಬೇಕಾಯಿತು. ತುಟಿಗೂ ಮಾತಿಗೂ ಹೊಂದಿಕೆ ತಪ್ಪಿದೆಡೆಗಳಲ್ಲಿ ಬೇರೊಂದು ಮುಖವನ್ನೋ ಹತ್ತಿರದ ನಾಯಿಯನ್ನೋ ತೋರಿಸಿ ದೋಷವನ್ನು ಮರೆಸಿದನು. ದೃಶ್ಯಗಳ ತ್ವರಿತಗತಿ ಇದರಿಂದಲೇ ಬಂದಿತು. ಕ್ಯಾಮರವನ್ನು ಚಲಿಸಲು ಗಾಲಿಕುರ್ಚಿಯೇ ಸಾಧನವಾಯಿತು. ಫಿಲ್ಮು ದುಬಾರಿಯಾದುದರಿಂದ ಬಹುಭಾಗವನ್ನು ಒಂದೇ ಸಲಕ್ಕೆ ಚಿತ್ರಿಸಿದನು.

ಸ್ಪ್ಯಾನಿಷ್ ವೀಡಿಯೋ ಮಾರುಕಟ್ಟೆಗಾಗಿ ಮಾಡಿದ ಈ ಚಿತ್ರಕ್ಕೆ 1993ರಲ್ಲಿ ಸನ್‌ಡಾನ್ಸ್ ಉತ್ಸವದ ಪ್ರೇಕ್ಷಕ ಪ್ರಶಸ್ತಿ ಲಭಿಸಿತು. 2011ರಲ್ಲಿ ಅಮೆರಿಕದ ರಾಷ್ಟ್ರೀಯ ಚಲಚ್ಚಿತ್ರ ಪಟ್ಟಿಯಲ್ಲಿ ಇದು ಸೇರಿತು.

ಆದರೆ ಕೀರ್ತಿಯೊಡನೆ ಒಂದು ಅರ್ಧಸತ್ಯವೂ ಹಬ್ಬಿತು. ಕೊಲಂಬಿಯಾ ಸಂಸ್ಥೆಯು ಚಿತ್ರವನ್ನು ಕೊಂಡು, 16 ಮಿಲಿಮೀಟರಿನ ಪ್ರತಿಯನ್ನು 35ಕ್ಕೆ ಹಿಗ್ಗಿಸಿ, ಧ್ವನಿಯನ್ನು ಸಂಸ್ಕರಿಸಿ, ಪ್ರಚಾರಗೊಳಿಸಲು ಮೂಲವೆಚ್ಚಕ್ಕಿಂತ ಎಷ್ಟೋ ಪಾಲು ಹೆಚ್ಚು ಹಣವನ್ನು ಸುರಿಯಿತು. 7,000 ಡಾಲರಿನ ಮಾತನ್ನಷ್ಟೇ ಕೇಳಿ ಸಾಲಮಾಡಿ ಹೊರಡುವ ತರುಣರು ಈ ಉತ್ತರಾರ್ಧವನ್ನೂ ತಿಳಿದಿರಬೇಕು. ತಿಳಿಯದಿದ್ದರೆ ಸೋತಾಗ ತಮ್ಮ ಶಕ್ತಿಯನ್ನೇ ಹಳಿದುಕೊಳ್ಳುವರು.

ಹಾಗಾದರೆ ಆಕರ್ಷಣೆಯು ಯಾವುದರಲ್ಲಿದೆ? ಬಡತನದಲ್ಲಿ ಅಲ್ಲ, ಹಣವಿಲ್ಲದೆ ಮಾಡಿದ ನೀರಸ ಚಿತ್ರಗಳಿಗೆ ಲೆಕ್ಕವಿಲ್ಲ. ಧನಿಕರ ಚಿತ್ರಗಳಲ್ಲಿ ಕೌಶಲವು ಯಂತ್ರಗಳ ಹಿಂದೆ ಅಡಗಿರುವುದು. ಇಲ್ಲಿ ಪ್ರತಿಯೊಂದು ತೊಡಕೂ, ಅದನ್ನು ದಾಟಿದ ಬುದ್ಧಿಯೂ ಪ್ರೇಕ್ಷಕನ ಕಣ್ಣಿಗೆ ಬೀಳುವುವು. ತೆರೆಯ ಮೇಲಿನ ಗಾಯಕನ ಸಾಹಸಕ್ಕಿಂತ ತೆರೆಯ ಹಿಂದಿನವನ ಉತ್ಸಾಹವೇ ಇಲ್ಲಿ ವೀರರಸಕ್ಕೆ ಸ್ಥಾಯಿಯಾಗಿದೆ.