ಕುರ್ಚಿ ಇಲ್ಲದವರನ್ನ ಪ್ರದರ್ಶನಕ್ಕ ಇಟ್ಟ ಇತಿಹಾಸ



ಅಮೆರಿಕದ ಸಂಸತ್ತಿನ ಕೆಳಮನೆಯಲ್ಲಿ 1903ರಿಂದ 1927ರವರೆಗೆ ಒಂದು ಸ್ಥಾಯಿ ಸಮಿತಿ ಇತ್ತು. ಹೆಸರು: ಕೈಗಾರಿಕಾ ಕಲೆ ಮತ್ತು ವಸ್ತುಪ್ರದರ್ಶನಗಳ ಸಮಿತಿ. ದೊಡ್ಡ ದೊಡ್ಡ ವಸ್ತುಪ್ರದರ್ಶನಗಳ ವಿಚಾರ ನೋಡಿಕೊಳ್ಳೋದು ಇದರ ಕೆಲಸ. ಈಗ ಆ ಸಮಿತಿ ಇಲ್ಲ. ಅಂದೋಲಾದಾಗ ಕುಂತು ಅದರ ಸುದ್ದಿ ನಮಗ್ಯಾಕ ಅಂತೀರೇನು? ಎರಡು ಇಸವಿ ನೋಡ್ರಿ, ತಿಳೀತದ.

1901ರ ಮಾರ್ಚ್‌ನಲ್ಲಿ ಉತ್ತರ ಕೆರೊಲಿನಾದ ಜಾರ್ಜ್ ವೈಟ್ ಸಂಸತ್ತಿನಿಂದ ಹೊರಬಂದರು. ಆಗ ಅಲ್ಲಿದ್ದ ಏಕೈಕ ಕಪ್ಪು ಸದಸ್ಯ ಅವರು. ದಕ್ಷಿಣದ ರಾಜ್ಯಗಳು ಕಪ್ಪು ಜನರ ಮತದ ಹಕ್ಕನ್ನೇ ಕಿತ್ತುಕೊಂಡಿದ್ದವು. ಮುಂದಿನ ಕಪ್ಪು ಸದಸ್ಯ ಆಸ್ಕರ್ ಡಿ ಪ್ರೀಸ್ಟ್ ಒಳಗೆ ಬಂದದ್ದು 1929ರಲ್ಲಿ. ನಡುವಿನ 28 ವರ್ಷ ಸಂಸತ್ತಿನಲ್ಲಿ ಒಬ್ಬರೂ ಇಲ್ಲ. ಈ ಸಮಿತಿ ಹುಟ್ಟಿದ್ದೂ ಸತ್ತಿದ್ದೂ ಆ 28 ವರ್ಷದ ಒಳಗೇ. ಅಂದ್ರ ಅದರ ಇಡೀ ಆಯುಷ್ಯದಾಗ ಕಪ್ಪು ಮನುಷ್ಯನೊಬ್ಬ ಆ ಸಮಿತಿಯ ಕುರ್ಚಿ ಮ್ಯಾಲ ಕೂಡಲೇ ಇಲ್ಲ.

ಹಂಗಾದ್ರ ಕಪ್ಪು ಜನ ಪ್ರದರ್ಶನದಾಗ ಎಲ್ಲಿದ್ದರು?

ಸಮಿತಿ ಹುಟ್ಟೋಕೆ ಮೊದಲು, 1893ರ ಶಿಕಾಗೊ ಪ್ರದರ್ಶನದಲ್ಲೇ ಈ ಪ್ರಶ್ನೆ ಎದ್ದಿತ್ತು. ಐಡಾ ಬಿ. ವೆಲ್ಸ್, ಫ್ರೆಡರಿಕ್ ಡಗ್ಲಾಸ್ ಮತ್ತು ಸಂಗಾತಿಗಳು, ಕಪ್ಪು ಅಮೆರಿಕನ್ನರು ಈ ಪ್ರದರ್ಶನದಲ್ಲಿ ಯಾಕಿಲ್ಲ ಅಂತ ಕಿರುಪುಸ್ತಕ ಬರೆದು, ಅಲ್ಲೇ ಹಂಚಿದರು. ದೇಶ ಕಟ್ಟಿದವರ ಕೆಲಸಕ್ಕ ಜಾಗ ಇರಲಿಲ್ಲ, ಆದ್ರ ಆಫ್ರಿಕಾದ ದಹೋಮಿಯಿಂದ ಜನರನ್ನ ತಂದು ‘ಹಳ್ಳಿ’ ಅಂತ ತೋರಿಸೋಕೆ ಜಾಗ ಇತ್ತು.

1904ರ ಸೇಂಟ್ ಲೂಯಿಸ್‌ನಲ್ಲಿ ಇದು ಇನ್ನೂ ಬೆಳೀತು. ಅಮೆರಿಕ ವಸಾಹತು ಮಾಡಿಕೊಂಡಿದ್ದ ಫಿಲಿಪೀನ್ಸ್‌ನಿಂದ ಸಾವಿರಕ್ಕೂ ಹೆಚ್ಚು ಜನರನ್ನ ಕರೆತಂದು 47 ಎಕರೆ ಜಾಗದಾಗ ‘ತೋರಿಸಿದರು’. ಕಾಂಗೊದ ಓಟಾ ಬೆಂಗಾ ಅನ್ನೋ ಯುವಕನನ್ನೂ ಅಲ್ಲಿಗೆ ತಂದರು. 1906ರಲ್ಲಿ ಅವನನ್ನ ನ್ಯೂಯಾರ್ಕಿನ ಮೃಗಾಲಯದ ಮಂಗಗಳ ಮನೆಯಲ್ಲಿ ಇಟ್ಟರು. ಕಪ್ಪು ಪಾದ್ರಿಗಳು ಪ್ರತಿಭಟಿಸಿ ಬಿಡಿಸಿದರು. 1916ರಲ್ಲಿ ಅವನು ತನಗ ತಾನೇ ಗುಂಡು ಹಾರಿಸಿಕೊಂಡ.

ಹೋರಾಟ ನಿಲ್ಲಲಿಲ್ಲ. 1907ರ ಜೇಮ್ಸ್‌ಟೌನ್ ಪ್ರದರ್ಶನಕ್ಕೆ ಗೈಲ್ಸ್ ಜಾಕ್ಸನ್ ಮತ್ತಿತರರು ಬೆನ್ನುಹತ್ತಿ ಸಂಸತ್ತಿನಿಂದ 1 ಲಕ್ಷ ಡಾಲರ್ ತಂದರು. ಕಪ್ಪು ವಾಸ್ತುಶಿಲ್ಪಿ ವಿಲಿಯಂ ಸಿಡ್ನಿ ಪಿಟ್‌ಮನ್ ನಕ್ಷೆ ಬರೆದ, ಕಪ್ಪು ಕೆಲಸಗಾರರೇ ಕಟ್ಟಿದರು. ಆದರೂ ಅದು ಪ್ರತ್ಯೇಕ ಕಟ್ಟಡ. ಬೇರೆ ಕೇರಿ ಯಾಕ ಅಂತ ಅವರೊಳಗೇ ಹಲವರು ವಿರೋಧಿಸಿದರು. ಎರಡೂ ಮಾತಿನ ನೋವು ನಮಗ ಗೊತ್ತದ.

ಬಾಬಾಸಾಹೇಬರು 1913ರಿಂದ 1916ರವರೆಗೆ ನ್ಯೂಯಾರ್ಕಿನಲ್ಲಿ ಓದಿದ್ದು ಇದೇ ಕಾಲದಾಗ. 1919ರಲ್ಲಿ ಸೌತ್‌ಬರೋ ಸಮಿತಿ ಮುಂದೆ ನಿಂತು, ಶಾಸನಸಭೆಯೊಳಗ ಅಸ್ಪೃಶ್ಯರ ಪ್ರತಿನಿಧಿಗಳನ್ನ ಅಸ್ಪೃಶ್ಯರೇ ಆರಿಸಬೇಕು ಅಂತ ಕೇಳಿದರು. ಶಾಸನಸಭೆ ಅಂದ್ರ ಬರೇ ಭಾಷಣದ ಜಾಗ ಅಲ್ಲ. ರೊಕ್ಕ ಎಲ್ಲಿಗೆ ಹೋಗಬೇಕು, ಯಾರ ಕೆಲಸಕ್ಕ ಹೆಸರು ಸಿಗಬೇಕು ಅನ್ನೋದು ಅದರ ಸಣ್ಣ ಸಣ್ಣ ಸಮಿತಿಯೊಳಗ ತೀರ್ಮಾನ ಆಗ್ತದ.

ಇದು ಹಳೇ ಕಥೆ ಅನ್ನಬ್ಯಾಡ್ರಿ. ಕೊಲ್ಹಾಪುರಿ ಚಪ್ಪಲಿಗೆ 2019ರಲ್ಲಿ ಭೌಗೋಳಿಕ ಗುರುತು ಸಿಕ್ಕಿತು. ಅದರಾಗ ನಮ್ಮ ಬೆಳಗಾವಿ, ವಿಜಯಪುರ, ಬಾಗಲಕೋಟೆ, ಧಾರವಾಡ ಜಿಲ್ಲೆಗಳೂ ಇವೆ. 2025ರ ಜೂನ್‌ನಲ್ಲಿ ಇಟಲಿಯ ಪ್ರಾಡಾ ಕಂಪನಿ ಅಂಥದ್ದೇ ಚಪ್ಪಲಿಯನ್ನ ಮಿಲಾನ್‌ನಲ್ಲಿ ಪ್ರದರ್ಶಿಸಿತು. ಮೂಲದ ಹೆಸರು ಹೇಳಿದ್ದು ಗದ್ದಲ ಎದ್ದ ಮ್ಯಾಲ. ನೂರು ವರ್ಷದ ಹಿಂದ ಮನುಷ್ಯನನ್ನ ತೋರಿಸಿ ಅವನ ಕೆಲಸ ಮುಚ್ಚಿಟ್ಟರು. ಈಗ ಕೆಲಸ ತೋರಿಸಿ ಮನುಷ್ಯನನ್ನ ಮುಚ್ಚಿಡ್ತಾರ.

ನಮ್ಮ ತಾಲ್ಲೂಕುಗಳಲ್ಲೂ ಉತ್ಸವ, ಕೃಷಿ ಮೇಳ, ಜಾತ್ರೆಯ ವಸ್ತುಪ್ರದರ್ಶನ ನಡೀತಾವ. ಹಲಗಿ ಬಡಿಯೋಕೆ ಕರೀತಾರ, ಫೋಟೊ ತೆಗೀತಾರ. ಸಮಿತಿಯ ಪಟ್ಟಿ ಮಾತ್ರ ತೋರಿಸಲ್ಲ. ಮುಂದಿನ ಸಲ ಮಾಹಿತಿ ಹಕ್ಕಿನಡಿ ಮೂರು ಪ್ರಶ್ನೆ ಹಾಕ್ರಿ: ಸಮಿತಿಯಲ್ಲಿ ಯಾರಿದ್ದಾರೆ? ಮಳಿಗೆ ಯಾರಿಗೆ ಕೊಟ್ಟರು? ರೊಕ್ಕ ಎಲ್ಲಿ ಖರ್ಚಾಯ್ತು?

ಉತ್ತರ ಬಂದ ಮ್ಯಾಲ ಎಲ್ಲರೂ ಕೂಡಿ ಮಾತಾಡೋಣ.

ಜೈಭೀಮ್.