ಸಿಂಗ್ಯುಲ್ಯಾರಿಟಿ: ಗಣಿತ, ಭೌತವಿಜ್ಞಾನ, ತಂತ್ರಜ್ಞಾನಗಳಲ್ಲಿ ಒಂದು ಪದದ ಪರೀಕ್ಷೆ

ಸಾರಾಂಶ: ಬರೆಯುವ ಕ್ರಮ ಬದಲಿಸಿದರೆ ಮಾಯವಾಗುವ ದೋಷ ಬರಹದ್ದು; ಬದಲಿಸಿದರೂ ಉಳಿಯುವುದು ನಿಜವಾದ ಸಿಂಗ್ಯುಲ್ಯಾರಿಟಿ. ಗಣಿತ, ಭೌತವಿಜ್ಞಾನಗಳಲ್ಲಿ ರೂಢವಾದ ಈ ಒರೆಗಲ್ಲಿಗೆ ತಂತ್ರಜ್ಞಾನದ ಬಳಕೆಯನ್ನು ಹಚ್ಚಿ ನೋಡುವುದು ಲೇಖನದ ಉದ್ದೇಶ.

1. ಗಣಿತ

ಸೊನ್ನೆಯಿಂದ ಭಾಗಿಸುವ ತೊಡಕು ಹಳೆಯದು. ರಾಷ್ಟ್ರಕೂಟ ಅಮೋಘವರ್ಷನ ಕಾಲದ ಮಹಾವೀರಾಚಾರ್ಯರು ‘ಗಣಿತಸಾರಸಂಗ್ರಹ’ದಲ್ಲಿ (ಸು. 850), ಹಾಗೆ ಭಾಗಿಸಿದ ಸಂಖ್ಯೆ ಬದಲಾಗದೆಂದರು. 12ನೆಯ ಶತಮಾನದ ಭಾಸ್ಕರಾಚಾರ್ಯರು ಅದನ್ನು ‘ಖಹರ’ವೆಂದು ಕರೆದು ಅನಂತವೆಂದರು. ಇಂದಿನ ಗಣಿತ ಎರಡೂ ಉತ್ತರಗಳನ್ನು ಬದಿಗಿಟ್ಟು, ಆ ಬಿಂದುವಿನ ಆಸುಪಾಸಿನಲ್ಲಿ ಫಲನ ಹೇಗೆ ನಡೆದುಕೊಳ್ಳುತ್ತದೆಂದು ಕೇಳುತ್ತದೆ. ಕೋನದ ಸೈನನ್ನು ಅದೇ ಕೋನದ ರೇಡಿಯನ್ ಅಳತೆಯಿಂದ ಭಾಗಿಸಿದರೆ, ಕೋನ ಸೊನ್ನೆಯಾದಾಗ ಲೆಕ್ಕ ನಿಲ್ಲುತ್ತದೆ. ಆದರೆ ಬೆಲೆ 1ರತ್ತ ಸಾಗುವುದರಿಂದ ಅಲ್ಲಿ 1 ತುಂಬಿದರೆ ತೊಡಕು ಕಳೆಯಿತು. 1ನ್ನು ಸೊನ್ನೆಯತ್ತ ಸರಿಯುವ ಸಂಖ್ಯೆಯಿಂದ ಭಾಗಿಸುವಾಗ ಯಾವ ಸಾಂತ ಬೆಲೆ ತುಂಬಿದರೂ ಆ ಕಂದರ ಮುಚ್ಚದು.

2. ಭೌತವಿಜ್ಞಾನ

ಸಾಮಾನ್ಯ ಸಾಪೇಕ್ಷತೆಯ ಸಮೀಕರಣಗಳಿಗೆ ಕಾರ್ಲ್ ಶ್ವಾರ್ಟ್ಸ್‌ಚೈಲ್ಡ್ 1916ರಲ್ಲಿ ಪ್ರಕಟಿಸಿದ ಪರಿಹಾರ, ಇಂದು ಬರೆಯುವ ರೂಪದಲ್ಲಿ, ಎರಡು ಕಡೆ ಕೆಡುತ್ತದೆ: ಕೇಂದ್ರದಲ್ಲಿ, ಮತ್ತು ಸೂರ್ಯನಷ್ಟು ರಾಶಿಗೆ ಸುಮಾರು 3 ಕಿ.ಮೀ. ತ್ರಿಜ್ಯದಲ್ಲಿ. ಎರಡನೆಯದು ನಿರ್ದೇಶಾಂಕಗಳ ದೋಷವಷ್ಟೇ ಎಂದು ಲೆಮೈತ್ರ್ 1933ರಲ್ಲಿ ತೋರಿಸಿದರು. ದೋಷವೆನಿಸಿದ್ದ ಆ ಗೆರೆಯೇ ಕಪ್ಪುಕುಳಿಯ ದಿಗಂತ. ಬೆಂಗಳೂರಿನ ಸಿ. ವಿ. ವಿಶ್ವೇಶ್ವರ ಅಂಥ ಕಪ್ಪುಕುಳಿ ಕದಡಿದರೂ ಸ್ಥಿರವೆಂದು 1970ರಲ್ಲಿ ಲೆಕ್ಕಹಾಕಿ ತೋರಿಸಿದರು. ಕೇಂದ್ರದ ಕಥೆ ಬೇರೆ: ಯಾವ ನಿರ್ದೇಶಾಂಕ ಹಿಡಿದರೂ ಅಲ್ಲಿ ವಕ್ರತೆ ಮಿತಿಮೀರುತ್ತದೆ. ಇದು ಪೂರ್ಣ ಗೋಳಾಕಾರವನ್ನು ಊಹಿಸಿದ್ದರ ಫಲವೇ? ಅಮಲ್ ಕುಮಾರ್ ರಾಯ್‌ಚೌಧುರಿಯವರ 1955ರ ಸಮೀಕರಣ ಉತ್ತರಕ್ಕೆ ದಾರಿ ತೆರೆಯಿತು. ಅಲ್ಲವೆಂದು ರೋಜರ್ ಪೆನ್‌ರೋಸ್ 1965ರಲ್ಲಿ ಸಾಧಿಸಿದರು. ಅವರ ಪ್ರಮೇಯದಲ್ಲಿ ಸಿಂಗ್ಯುಲ್ಯಾರಿಟಿ ಎಂದರೆ ವಸ್ತುವಲ್ಲ, ಬೆಳಕಿನ ಹಾದಿ ಮುಂದುವರಿಯಲಾರದೆ ಮುಗಿಯುವ ಸ್ಥಿತಿ.

3. ತಂತ್ರಜ್ಞಾನ

ಮನುಷ್ಯನನ್ನು ಮೀರಿದ ಬುದ್ಧಿ ಹುಟ್ಟುವ ಘಟ್ಟಕ್ಕೆ ವರ್ನರ್ ವಿಂಜ್ 1993ರಲ್ಲಿ ಈ ಹೆಸರು ಬಳಸಿದರು. ರೇ ಕುರ್ಜ್‌ವೈಲ್ 2005ರ ಪುಸ್ತಕದಲ್ಲಿ 2045 ಎಂದು ವರ್ಷವನ್ನೇ ಗೊತ್ತುಮಾಡಿದರು. ಅವರ ಆಧಾರ ಘಾತೀಯ ಬೆಳವಣಿಗೆ. ಆದರೆ ನಿಯತ ಅವಧಿಗೊಮ್ಮೆ ಇಮ್ಮಡಿಸುವ ಯಾವುದೂ ಸೀಮಿತ ಕಾಲದಲ್ಲಿ ಅನಂತವಾಗದು. ಲಾಗರಿದಮ್ ಅಳತೆಯ ಹಾಳೆಯಲ್ಲಿ ಅದರ ಕಡಿದಾದ ಏರು ನೆಟ್ಟನೆಯ ಗೆರೆಯಾಗುತ್ತದೆ.

ಸೀಮಿತ ಕಾಲದಲ್ಲಿ ಅನಂತ ಮುಟ್ಟುವುದು ಹೈಪರ್ಬೋಲಾ. ಹೈಂಜ್ ಫಾನ್ ಫೊರ್ಸ್ಟರ್ ಮತ್ತು ಸಂಗಡಿಗರು 1960ರಲ್ಲಿ ‘ಸೈನ್ಸ್’ ಪತ್ರಿಕೆಯಲ್ಲಿ ವಿಶ್ವದ ಜನಸಂಖ್ಯೆಗೆ ಅಂಥ ಸೂತ್ರ ಹೊಂದಿಸಿದರು. ಅದರ ಪ್ರಕಾರ 2026ರ ನವೆಂಬರ್ 13ಕ್ಕೆ ಜನಸಂಖ್ಯೆ ಅನಂತ. ಆ ದಶಕ ಕಳೆಯುತ್ತಲೇ ಬೆಳವಣಿಗೆಯ ದರ ಇಳಿಯಿತು. 2022ರಲ್ಲಿ ಜನಸಂಖ್ಯೆ 800 ಕೋಟಿ. ಕೆಟ್ಟದ್ದು ಸೂತ್ರ.

4. ಸಮಾರೋಪ

ಒರೆಗೆ ಹಚ್ಚಿದಾಗ ಕುರ್ಜ್‌ವೈಲರ ರೇಖೆಯಲ್ಲಿ ಕಾಣುವುದು ಅಳತೆಪಟ್ಟಿ ತಂದ ಏರು. ಆಚೆಗಿನದು ಊಹೆಗೆ ನಿಲುಕದೆಂಬುದಷ್ಟೇ ವಿಂಜರ ಅರ್ಥವಾದರೆ ಅದಕ್ಕೆ ‘ದಿಗಂತ’ ಸಾಕು. ಇನ್ನು ಸಿಂಗ್ಯುಲ್ಯಾರಿಟಿಯನ್ನು ಕನ್ನಡಿಸುವ ಮಾತು: ‘ಏಕತ್ವ’ವೆಂದರೆ ಒಂದಾಗಿರುವುದು; ಮೇಲಿನ ಮೂರು ಕ್ಷೇತ್ರಗಳಲ್ಲಿ ಯಾವುದಕ್ಕೂ ಆ ಅನುವಾದ ಸಲ್ಲದು.