ಮಮದಾಪುರದ ಕೆರೆದಂಡೆ

ಗೋಲಗುಮ್ಮಟ ಕಟ್ಟಿಸಿದ ಮುಹಮ್ಮದ್ ಆದಿಲ್ ಶಾಹನ ಹೆಸರು ಹೊತ್ತ ಊರು ಮಮದಾಪುರ. ವಿಜಯಪುರದಿಂದ ನೈರುತ್ಯಕ್ಕೆ ಸುಮಾರು 35 ಕಿ.ಮೀ.; ಈಗ ಬಬಲೇಶ್ವರ ತಾಲ್ಲೂಕಿಗೆ ಸೇರಿದೆ. ಗುಮ್ಮಟದ ಮೇಲೇರಿ ಕೂಗು ಹಾಕಿ ಪ್ರತಿಧ್ವನಿ ಕೇಳುವವರಿಗೆ ಲೆಕ್ಕವಿಲ್ಲ. ಅದೇ ಅರಸ 1633ರ ಸುಮಾರಿಗೆ ಕಟ್ಟಿಸಿದ ಈ ಕೆರೆಯ ದಂಡೆಗೆ ಬಂದು ಕೂರುವ ಪರವೂರಿನವರು ಕಡಿಮೆ. 1627ರಿಂದ 1656ರವರೆಗಿನ ಅವನ ಆಳ್ವಿಕೆಯಲ್ಲಿ ಜನರಿಗೆ ಗುಮ್ಮಟಕ್ಕಿಂತ ಹೆಚ್ಚು ಉಪಕಾರವಾದದ್ದು ಇಂಥ ಕೆರೆಗಳಿಂದಲೇ ಎಂದು ನಾನು ನಂಬಿದ್ದೇನೆ.

ಈ ಸೀಮೆಯ ಮಳೆ ನೋಡಿದವರಿಗೆ ಆ ಮಾತು ತಿಳಿದೀತು. ಸಹ್ಯಾದ್ರಿಯಲ್ಲಿ ಸುರಿದು ಉಳಿದ ಮೋಡಗಳಷ್ಟೇ ಇತ್ತ ಬರುತ್ತವೆ. ವರ್ಷವೆಲ್ಲ ಸೇರಿದರೂ 600 ಮಿ.ಮೀ. ಆಸುಪಾಸು, ಅದರಲ್ಲೂ ಸೆಪ್ಟೆಂಬರಿನ ಮಳೆಯೇ ಮುಖ್ಯ. ಆ ಹಸಿಯನ್ನು ಹಿಡಿದಿಟ್ಟುಕೊಂಡ ಎರಿಭೂಮಿ ಹಿಂಗಾರಿಗೆ ಬಿಳಿಜೋಳ, ಕಡಲೆ, ಕುಸುಬಿ ಕೊಡುತ್ತದೆ. ಆದರೆ ಬೇಸಿಗೆಯಲ್ಲಿ ದನಕರುಗಳಿಗೆ, ಮನೆಬಳಕೆಗೆ ನೀರು ಎಲ್ಲಿಂದ ಬರಬೇಕು? ಆದಿಲ್ ಶಾಹಿಗಳು ರಾಜಧಾನಿಗಾಗಿ ತೊರವಿಯಿಂದ ಸುರಂಗದಲ್ಲಿ ನೀರು ತಂದರು, ತಾಜ್ ಬಾವಡಿ ಕಟ್ಟಿಸಿದರು, 1651ರಲ್ಲಿ ಬೇಗಂ ತಲಾಬ್ ಕಟ್ಟಿಸಿದರು. ಅವೆಲ್ಲ ಪಟ್ಟಣದ ಬಾಯಾರಿಕೆಗೆ. ಮಮದಾಪುರದ ನೀರು ಮಾತ್ರ ಹಳ್ಳಿಗಾಡಿನ ಪಾಲಿನದು.

ಇಲ್ಲಿ ಕೆರೆಗಳು ಎರಡು, ದೊಡ್ಡದೊಂದು, ಸಣ್ಣದೊಂದು. ದೊಡ್ಡ ಕೆರೆಯ ಒಡ್ಡಿನ ಮೇಲೆ ನಿಂತರೆ ಆಚೆದಂಡೆ ಮಸುಕಾಗಿ ಕಾಣುವಷ್ಟು ನೀರಿನ ಹರವು. ಗಾಳಿ ಬೀಸಿದಾಗ ಸಣ್ಣ ತೆರೆಗಳು ಕಲ್ಲಿಗೆ ಬಂದು ಬಡಿಯುತ್ತವೆ. ಕಡಲು ಕಾಣದೆ ಬೆಳೆದ ಈ ಭಾಗದ ಮಕ್ಕಳಿಗೆ ಇದೇ ಕಡಲತೀರ.

ನೀರು ಯಾವಾಗಲೂ ಹೀಗೆ ಇರಲಿಲ್ಲ. ಮಳೆ ಕೈಕೊಟ್ಟ ವರ್ಷಗಳಲ್ಲಿ ಕೆರೆಯೂ ಬರಿದಾಗುತ್ತಿತ್ತು, ಸುತ್ತಲಿನ ಬಾವಿಗಳೂ ಬತ್ತುತ್ತಿದ್ದವು. ಆಗ ತಿಕೋಟಾ, ಬಬಲೇಶ್ವರ ಕಡೆಯ ದ್ರಾಕ್ಷಿ ಬೆಳೆಗಾರರು ಬಳ್ಳಿ ಉಳಿಸಿಕೊಳ್ಳಲು ಟ್ಯಾಂಕರ್ ನೀರು ಕೊಂಡು ಸಾಲ ಮಾಡಿಕೊಂಡರು. ದ್ರಾಕ್ಷಿ ಒಂದು ಹಂಗಾಮಿನ ಬೆಳೆಯಲ್ಲ, ಬಳ್ಳಿ ಒಣಗಿದರೆ ವರ್ಷಗಳ ದುಡಿಮೆಯೇ ಹೋದಂತೆ. ಕಳೆದ ದಶಕದಲ್ಲಿ ಕೃಷ್ಣೆಯ ನೀರನ್ನು ಏತ ನೀರಾವರಿಯಿಂದ ಎತ್ತಿ ಜಿಲ್ಲೆಯ ಕೆರೆಗಳನ್ನು ತುಂಬಿಸುವ ಕೆಲಸ ನಡೆಯಿತು, ಮಮದಾಪುರದ ಕೆರೆಗೂ ನೀರು ಬಂತು. ಕೆರೆ ತುಂಬಿದಾಗ ಅದರ ಕೆಳಗಿನ ಬಾವಿ, ಬೋರ್‌ವೆಲ್‌ಗಳಿಗೂ ಜೀವ ಬರುತ್ತದೆ. ಸುಮಾರು ನಾಲ್ಕು ಶತಮಾನ ಹಳೆಯ ಒಡ್ಡು ಇಂದಿನ ಯೋಜನೆಗೆ ಹೀಗೆ ಹೆಗಲು ಕೊಟ್ಟಿದೆ.

ಹೊಸ ನೀರು ಬಂತೆಂದು ಹಳೆಯ ಒಡ್ಡನ್ನು ಮರೆಯುವಂತಿಲ್ಲ. ಕಲ್ಲಿನ ಸಂದುಗಳಲ್ಲಿ ಗಿಡ ಬೇರೂರಿದರೆ ಕಟ್ಟು ಸಡಿಲವಾಗುತ್ತದೆ. ಹೂಳು ತುಂಬಿದಷ್ಟೂ ಕೆರೆಯ ಹೊಟ್ಟೆ ಕಿರಿದಾಗುತ್ತದೆ. ಗುಮ್ಮಟದ ಗಾರೆಗೆ ತೋರುವ ಕಾಳಜಿ ಈ ಕಲ್ಲುಗಳಿಗೂ ಸಿಗಲಿ. ನೋಡಬೇಕೆನ್ನುವವರು ದೀಪಾವಳಿ ಕಳೆದ ಮೇಲೆ ಬನ್ನಿ. ವಿಜಯಪುರದಿಂದ ಜಮಖಂಡಿ ರಸ್ತೆ ಹಿಡಿದರೆ ಮಮದಾಪುರಕ್ಕೆ ಮುಂಚೆ ಬಬಲೇಶ್ವರ ಸಿಗುತ್ತದೆ. ದೀಪಾವಳಿ ಕಳೆದ ಹೊತ್ತಿಗೆ ಎರಿಹೊಲಗಳಲ್ಲಿ ಜೋಳ ಎದ್ದಿರುತ್ತದೆ, ಬಿಸಿಲೂ ಇಳಿದಿರುತ್ತದೆ, ಒಡ್ಡಿನುದ್ದಕ್ಕೂ ನಡೆದಾಡಬಹುದು.